ಬೆಳಗಿನ ಬಟ್ಟಲಿನಲ್ಲಿ ತೌಡು ಉಳಿಯಲಿ

"ನವಣೆ ಉಣ್ಣಲು ಆರಂಭಿಸಿ ವರ್ಷವಾಯಿತು, ರಕ್ತದಲ್ಲಿನ ಸಕ್ಕರೆ ಮಾತ್ರ ಇಳಿಯಲಿಲ್ಲ. ಇದಕ್ಕೇನು ಕಾರಣ?" ಸಿರಿಧಾನ್ಯಗಳ ವಿಷಯ ಬಂದಲ್ಲೆಲ್ಲ ಭಕ್ತರು ಈ ಪ್ರಶ್ನೆಯನ್ನು ಕೇಳುತ್ತಾರೆ. ಪ್ರಶ್ನೆ ಯೋಗ್ಯವಾದುದು. ಅಕ್ಕಿಗಿಂತ ಹೆಚ್ಚು ಬೆಲೆ ಕೊಟ್ಟು ನವಣೆ ತಂದು, ನಾಲಗೆಗೆ ಒಗ್ಗಿಸಿಕೊಂಡು, ಕೊನೆಗೆ ಫಲ ಕಾಣದೆ ಹೋದರೆ ಬೇಸರವಾಗುವುದು ಸಹಜ. ಉತ್ತರ ಹೇಳುವ ಮೊದಲು ನಾವು ಎರಡು ಸಂಗತಿಗಳನ್ನು ಕೇಳಬೇಕಾಗುತ್ತದೆ. ತಂದ ನವಣೆಯ ಮೈಮೇಲೆ ತೌಡು ಇದ್ದಿತೇ? ಬಟ್ಟಲಿಗೆ ಅದರ ಜೊತೆ ಮತ್ತೇನು ಬಿದ್ದಿತು?

ಯಾವುದೇ ಕಾಳನ್ನು ಎತ್ತಿಕೊಂಡರೂ ಅದರಲ್ಲಿ ನಾಲ್ಕು ಭಾಗಗಳನ್ನು ಕಾಣಬಹುದು. ಹೊರಗಿನ ಒರಟು ಹೊಟ್ಟು ಮನುಷ್ಯನಿಗೆ ಜೀರ್ಣವಾಗದು; ಅದನ್ನು ತೆಗೆಯಲೇಬೇಕು. ಅದರ ಕೆಳಗೆ ಕಾಳಿಗೆ ಅಂಟಿಕೊಂಡ ತೆಳುವಾದ ಪದರವೇ ತೌಡು. ನಾರು, ಕಬ್ಬಿಣ, ಸತು, ಬಿ ಗುಂಪಿನ ಜೀವಸತ್ವಗಳು ಬಹುಪಾಲು ಇಲ್ಲಿವೆ. ಮೂಲೆಯಲ್ಲಿ ಮೊಳಕೆಯ ಕಣ್ಣು. ಅದರಲ್ಲಿ ಸ್ವಲ್ಪ ಜಿಡ್ಡು, ಸ್ವಲ್ಪ ಸಸಾರಜನಕ. ಒಳಗಿನ ಬಿಳಿಯ ತಿರುಳು ಬಹುತೇಕ ಪಿಷ್ಟ. ಹೈದರಾಬಾದಿನ ರಾಷ್ಟ್ರೀಯ ಪೋಷಣಾ ಸಂಸ್ಥೆಯು ಬಹುಕಾಲದಿಂದ ಪ್ರಕಟಿಸುತ್ತ ಬಂದಿರುವ ಕೋಷ್ಟಕದಲ್ಲಿ 100 ಗ್ರಾಂ ನವಣೆಗೆ 12.3 ಗ್ರಾಂ ಸಸಾರಜನಕವೂ 8 ಗ್ರಾಂ ನಾರೂ ಇವೆಯೆಂದು ಬರೆದಿದೆ; ಗಿರಣಿಯಲ್ಲಿ ಬೆಳ್ಳಗೆ ಮಾಡಿದ ಅಕ್ಕಿಗೆ 6.8 ಗ್ರಾಂ ಸಸಾರಜನಕ, ಕೇವಲ 0.2 ಗ್ರಾಂ ನಾರು. ಸಿರಿಧಾನ್ಯದ ಕೀರ್ತಿಯೆಲ್ಲ ಇಂತಹ ಅಂಕಿಗಳನ್ನು ಅವಲಂಬಿಸಿದೆ. ಆದರೆ ಈ ಕೀರ್ತಿ ತೌಡುಳ್ಳ ಕಾಳಿಗೆ ಸಲ್ಲಬೇಕಾದುದು. ಯಂತ್ರಕ್ಕೆ ಹಾಕಿ ಉಜ್ಜಿ, ಅಕ್ಕಿಯಂತೆ ನುಣುಪು ಮಾಡಿದ ನವಣೆಯು ಹೆಸರಿನಲ್ಲಿ ಮಾತ್ರ ನವಣೆ. ಗುಣದಲ್ಲಿ ಅದು ಬಿಳಿ ಅಕ್ಕಿಯ ಕಡೆಗೆ ವಾಲಿರುತ್ತದೆ. ಸಕ್ಕರೆ ಕಾಯಿಲೆಯವರು ಅದನ್ನು ಔಷಧವೆಂದು ನಂಬಿ, ಎರಡರಷ್ಟು ಬಡಿಸಿಕೊಂಡು, ಮೇಲೆ ಬೆಲ್ಲವನ್ನೂ ಸುರಿದುಕೊಂಡರೆ ಸಕ್ಕರೆ ಇಳಿಯುವುದಾದರೂ ಹೇಗೆ?

ಕಪ್ಪತಗುಡ್ಡದ ಅಂಚಿನ ಕೆಂಪು ಮಸಾರಿ ಹೊಲಗಳಲ್ಲಿ ಸಾವೆ, ನವಣೆ ಹೊಸ ಬೆಳೆಗಳಲ್ಲ. ಮುಂಡರಗಿ, ಶಿರಹಟ್ಟಿ ಕಡೆಯ ಹಿರಿಯ ತಾಯಂದಿರಿಗೆ ನವಣಕ್ಕಿ, ಸಾವಕ್ಕಿಗಳನ್ನು ಮನೆಯಲ್ಲಿಯೇ ಕುಟ್ಟಿ ಕೇರಿದ ನೆನಪು ಇನ್ನೂ ಇದೆ. ಒರಳಿನಲ್ಲಿ ಒನಕೆಯ ಪೆಟ್ಟಿಗೆ ಹೊಟ್ಟು ಬಿಡುತ್ತಿತ್ತು. ತೌಡು ಪೂರ್ತಿ ಹೋಗುತ್ತಿರಲಿಲ್ಲ. ಆ ದುಡಿಮೆಗೆ ಮರಳಿರೆಂದು ಇಂದಿನ ಹೆಣ್ಣುಮಕ್ಕಳಿಗೆ ಹೇಳುವುದು ನ್ಯಾಯವಲ್ಲ. ಗಿರಣಿಯವರಿಗೆ "ಹೊಟ್ಟು ಮಾತ್ರ ತೆಗೆಯಿರಿ, ಪಾಲಿಶ್ ಬೇಡ" ಎಂದು ಹೇಳಿದರೆ ಸಾಕು. ಅಂಗಡಿಯಲ್ಲಿ ಕೊಳ್ಳುವವರು ಕಾಳನ್ನು ಅಂಗೈಯಲ್ಲಿ ಹಾಕಿಕೊಂಡು ನೋಡಬೇಕು. ತೌಡುಳ್ಳ ನವಣಕ್ಕಿ ಮಂದವಾದ ಹಳದಿ. ಎಲ್ಲ ಕಾಳೂ ಒಂದೇ ಬಣ್ಣದಲ್ಲಿರುವುದಿಲ್ಲ, ಅಲ್ಲೊಂದು ಇಲ್ಲೊಂದು ಹೊಟ್ಟು ಬಿಡದ ಕಾಳೂ ಕಾಣುತ್ತದೆ. ಒಂದೇ ಸಮನೆ ಬಿಳುಪಾಗಿ ಹೊಳೆಯುತ್ತಿದ್ದರೆ ಸಂಶಯಪಡಿರಿ. ತೌಡಿನಲ್ಲಿ ಜಿಡ್ಡಿರುವುದರಿಂದ ಇಂತಹ ಕಾಳು ಬಹಳ ದಿನ ತಾಳದು, ಮುಗ್ಗು ವಾಸನೆ ಬೇಗ ಬರುತ್ತದೆ. ಆದ್ದರಿಂದ ಹೊಟ್ಟಿನ ಸಮೇತ ಚೀಲದಲ್ಲಿ ಇಟ್ಟುಕೊಂಡು, ತಿಂಗಳಿಗೆ ಬೇಕಾದಷ್ಟನ್ನೇ ಗಿರಣಿಗೆ ಒಯ್ಯುವುದು ಹಳ್ಳಿಯವರಿಗೆ ಸಾಧ್ಯವಿರುವ ಉತ್ತಮ ದಾರಿ.

ಇನ್ನು ಬೆಳಗಿನ ಉಪಾಹಾರದ ಮಾತು. ಗದಗ-ಬೆಟಗೇರಿಯ ಬೀದಿಗಳಲ್ಲಿ ಬೆಳಗಾಗುತ್ತಲೇ ಎಣ್ಣೆಯ ಬಾಣಲೆ ಕಾಯುತ್ತದೆ. ಪೂರಿ, ಮಿರ್ಚಿ, ಗಿರಮಿಟ್ಟು ನಮ್ಮ ನಾಡಿನ ಹೆಮ್ಮೆಯ ತಿನಿಸುಗಳೇ. ಜಾತ್ರೆಗೆ, ಸಂತೆಗೆ, ನೆಂಟರು ಬಂದಾಗ ಇರಲಿ. ಆದರೆ ದಿನವಿಡೀ ಮಗ್ಗದ ಮುಂದೆಯೋ ಗಲ್ಲೆಯ ಮೇಲೆಯೋ ಕೂತು ದುಡಿಯುವವರಿಗೆ ನಿತ್ಯವೂ ಅದೇ ಆದರೆ ಹೊರೆಯಾಗುತ್ತದೆ. ಮನೆಯ ರವೆಯ ಉಪ್ಪಿಟ್ಟೂ ತೌಡು ಕಳೆದ ಗೋಧಿಯದೇ. ಇತ್ತ ಹೊಲಕ್ಕೆ ಹೋಗುವ ತಾಯಂದಿರ ಪಾಡು ಬೇರೆಯೇ. ಬರಿ ಚಹಾ ಕುಡಿದು ಹೊರಟವರು ಹೊತ್ತು ನೆತ್ತಿಗೇರುವವರೆಗೆ ಬುತ್ತಿ ಬಿಚ್ಚುವುದಿಲ್ಲ. 2023ರಲ್ಲಿ ಪ್ರಕಟವಾದ ಭಾರತೀಯ ವೈದ್ಯಕೀಯ ಸಂಶೋಧನಾ ಪರಿಷತ್ತಿನ ಬೃಹತ್ ಸಮೀಕ್ಷೆಯು ದೇಶದಲ್ಲಿ 10 ಕೋಟಿಗೂ ಮೀರಿದ ಜನರಿಗೆ ಸಕ್ಕರೆ ಕಾಯಿಲೆಯಿದೆಯೆಂದು ಅಂದಾಜು ಮಾಡಿತು. 2019-21ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ಪ್ರಕಾರ 15ರಿಂದ 49ರ ವಯಸ್ಸಿನ ಮಹಿಳೆಯರಲ್ಲಿ ನೂರಕ್ಕೆ 57 ಮಂದಿಗೆ ರಕ್ತಹೀನತೆ. ಒಂದೇ ಮನೆಯಲ್ಲಿ ಗಂಡನಿಗೆ ಮೊದಲನೆಯದು, ಹೆಂಡತಿಗೆ ಎರಡನೆಯದು ಇರುವುದನ್ನು ನಾವು ಕಾಣುತ್ತೇವೆ. ಬೆಳಗಿನ ಒಂದು ಬಟ್ಟಲು ಇವೆರಡನ್ನೂ ಗುಣಪಡಿಸದು. ಎರಡಕ್ಕೂ ನೆರವಾಗುವಂತೆ ಅದನ್ನು ಜೋಡಿಸಲು ಮಾತ್ರ ಬರುತ್ತದೆ.

ಕಾಳು, ಹಣ್ಣು, ಬೀಜಗಳನ್ನು ಒಂದೇ ಬಟ್ಟಲಿನಲ್ಲಿ ಕೂಡಿಸುವ ಪದ್ಧತಿ ಈಗ 'ಮ್ಯೂಸ್ಲಿ' ಎಂಬ ಹೆಸರಿನಲ್ಲಿ ಪೊಟ್ಟಣವಾಗಿ ನಮ್ಮ ಅಂಗಡಿಗಳಿಗೂ ಬಂದಿದೆ. ಇದರ ಮೂಲ ಸ್ವಿಟ್ಜರ್ಲೆಂಡಿನ ವೈದ್ಯ ಬಿರ್ಷರ್-ಬೆನ್ನರ್. 1900ರ ಸುಮಾರಿಗೆ ಜ್ಯೂರಿಕ್ ನಗರದ ತನ್ನ ಆರೋಗ್ಯಧಾಮದಲ್ಲಿ ಆತ ರೋಗಿಗಳಿಗೆ ಇದನ್ನು ಕೊಡುತ್ತಿದ್ದ. ಆತನ ಬಟ್ಟಲಿನಲ್ಲಿ ಓಟ್ಸ್ ಇದ್ದುದು ರಾತ್ರಿ ನೆನೆಸಿಟ್ಟ ಒಂದೇ ಚಮಚ. ಉಳಿದದ್ದು ಸಿಪ್ಪೆಯೊಡನೆ ತುರಿದ ದೊಡ್ಡ ಸೇಬು, ಲಿಂಬೆರಸ, ಸ್ವಲ್ಪ ಗಟ್ಟಿಹಾಲು, ಪುಡಿ ಮಾಡಿದ ಬೀಜಗಳು. ಇಂದಿನ ಪೊಟ್ಟಣಗಳಲ್ಲಿ ಈ ಅಳತೆ ತಲೆಕೆಳಗಾಗಿದೆ: ಕಾಳೇ ಬಹಳ, ಹಣ್ಣು ಒಣಗಿದ ನಾಲ್ಕು ಚೂರು, ಮೇಲೆ ಸಕ್ಕರೆಯ ಲೇಪ. ಅದನ್ನು ಕೊಳ್ಳುವ ಅಗತ್ಯ ನಮ್ಮ ಜಿಲ್ಲೆಯವರಿಗೆ ಇಲ್ಲ. ಬೇಕಾದುದೆಲ್ಲ ಇಲ್ಲಿಯೇ ಬೆಳೆಯುತ್ತದೆ.

ಮಾಡುವ ಕ್ರಮ ಹೀಗಿದೆ. ಒಬ್ಬರಿಗೆ 40 ಗ್ರಾಂ, ಎಂದರೆ ಒಂದು ಹಿಡಿಯಷ್ಟು ನವಣಕ್ಕಿ ಅಥವಾ ಸಾವಕ್ಕಿ ಸಾಕು. ನಾಲ್ವರ ಮನೆಗೆ 160 ಗ್ರಾಂ. ರಾತ್ರಿ ಎರಡು ಸಲ ತೊಳೆದು, ಕಲ್ಲು ಗಾಳಿಸಿ, ನೀರಿನಲ್ಲಿ ನೆನೆಯಿಡಬೇಕು. ನೆನೆಯಿಡುವುದು ಬೇಗ ಬೇಯಲೆಂದಷ್ಟೇ ಅಲ್ಲ. ತೌಡಿನಲ್ಲಿ ಫೈಟೇಟ್ ಎಂಬ ವಸ್ತುವಿದೆ. ಅದು ಕಬ್ಬಿಣವನ್ನು ಹಿಡಿದಿಟ್ಟುಕೊಂಡು ದೇಹಕ್ಕೆ ಬಿಟ್ಟುಕೊಡುವುದಿಲ್ಲ. ನೆನೆದಾಗ, ಹುಳಿ ಬಂದಾಗ, ಮೊಳಕೆಯೊಡೆದಾಗ ಅದರ ಹಿಡಿತ ಸಡಿಲಾಗುತ್ತದೆ. ಬೆಳಗ್ಗೆ ಆ ನೀರನ್ನು ಬಸಿದು, ಕಾಳಿನ ಮೂರು ಪಟ್ಟು ಹೊಸ ನೀರು ಕುದಿಸಿ, ಅದರಲ್ಲಿ ಕಾಳು ಹಾಕಿ, ಸಣ್ಣ ಉರಿಯ ಮೇಲೆ ಮುಚ್ಚಿ ಬೇಯಿಸಬೇಕು. ನೆನೆದ ಕಾಳು ಕಾಲು ಗಂಟೆಯಲ್ಲಿ ಬೆಂದೀತು. ಒಲೆಯಿಂದ ಇಳಿಸಿ ಹತ್ತು ನಿಮಿಷ ಮುಚ್ಚಿಯೇ ಇಟ್ಟರೆ ಕಾಳು ಅರಳುತ್ತದೆ. ಇದು ಪೂರ್ತಿ ಆರಿದ ಮೇಲೆ ಪ್ರತಿಯೊಂದು ಬಟ್ಟಲಿಗೆ 150 ಗ್ರಾಂ ಮೊಸರು ಸೇರಿಸಿ ಕಲಸಿರಿ. ಬಿಸಿಯಿದ್ದಾಗ ಹಾಕಿದರೆ ಮೊಸರು ಒಡೆಯುತ್ತದೆ. ಮೇಲೆ ಹೆಚ್ಚಿದ ಹಣ್ಣು 100 ಗ್ರಾಂ, ಹುರಿದು ತರಿತರಿಯಾಗಿ ಕುಟ್ಟಿದ ಶೇಂಗಾ 20 ಗ್ರಾಂ, ಅಗಸಿಯ ಪುಡಿ ಒಂದು ಚಮಚ. ಬೆಲ್ಲ ಬೇಡ, ಹಣ್ಣಿನ ಸಿಹಿ ಸಾಕು. ಕಾಳು, ಮೊಸರು, ಶೇಂಗಾ ಮೂರೂ ಕೂಡಿ ಸುಮಾರು 15 ಗ್ರಾಂ ಸಸಾರಜನಕ ಒದಗಿಸುತ್ತವೆ. ಇಷ್ಟು ತಿಂದವರಿಗೆ ಹನ್ನೊಂದು ಗಂಟೆಗೆ ಮತ್ತೆ ಬಜಿಯ ನೆನಪು ಬರುವುದು ಕಡಿಮೆ.

ನವಣೆ ಸಿಗದವರು ಜೋಳದ ನುಚ್ಚನ್ನು ಬಳಸಬಹುದು. ಇಡೀ ಜೋಳವನ್ನು ಒಡೆಸಿದ ನುಚ್ಚಿನಲ್ಲಿ ತೌಡು ಉಳಿದಿರುತ್ತದೆ, ಬೆಲೆಯೂ ಕಡಿಮೆ. ಒಂದಕ್ಕೆ ನಾಲ್ಕರಷ್ಟು ನೀರು, ಅರ್ಧ ಗಂಟೆಗೂ ಮೀರಿದ ಬೇಯುವಿಕೆ ಬೇಕು.

ಹಣ್ಣನ್ನು ಕಾಲ ನೋಡಿ ಆರಿಸಬೇಕು. ಮಳೆಗಾಲದಿಂದ ಚಳಿಗಾಲದವರೆಗೆ ಪೇರಲ, ದಸರೆಯ ಆಚೆ ಸೀತಾಫಲ, ಸಂಕ್ರಾಂತಿಯ ಹೊತ್ತಿಗೆ ಬಾರೆಹಣ್ಣು, ಬೇಸಿಗೆಯಲ್ಲಿ ಕರಬೂಜ, ಪಪ್ಪಾಯಿ ವರ್ಷವಿಡೀ. ಇವುಗಳಲ್ಲಿ ಪೇರಲಕ್ಕೆ ನಾವು ಮೊದಲ ಸ್ಥಾನ ಕೊಡುತ್ತೇವೆ. 100 ಗ್ರಾಂ ಪೇರಲದಲ್ಲಿ 200 ಮಿಲಿಗ್ರಾಂಗೂ ಹೆಚ್ಚು ಸಿ ಜೀವಸತ್ವವಿದೆ. ದೂರದಿಂದ ಬರುವ ದುಬಾರಿ ಸೇಬಿನಲ್ಲಿ 5 ಮಿಲಿಗ್ರಾಂ ಇರುವುದೂ ಕಷ್ಟ. ಕಾಳಿನಲ್ಲಿರುವ ಕಬ್ಬಿಣವನ್ನು ಕರುಳು ಹೀರಿಕೊಳ್ಳಲು ಸಿ ಜೀವಸತ್ವ ನೆರವಾಗುತ್ತದೆ. ಚಹಾ ಇದಕ್ಕೆ ತಡೆಯೊಡ್ಡುತ್ತದೆ. ರಕ್ತ ಕಡಿಮೆಯಿರುವ ತಾಯಂದಿರು ಬಟ್ಟಲು ಮುಗಿಸಿ ಒಂದು ಗಂಟೆಯಾದರೂ ಚಹಾ ಮುಟ್ಟದಿದ್ದರೆ ಒಳಿತು. ಸಕ್ಕರೆ ಕಾಯಿಲೆಯವರಿಗೂ ಪೇರಲ, ಪಪ್ಪಾಯಿ ಸಲ್ಲುತ್ತವೆ. ಸೀತಾಫಲ, ಬಾಳೆಹಣ್ಣು, ಮಾವು ಅವರಿಗೆ ಎರಡು ಮೂರು ಹೋಳು ಮಾತ್ರ.

ಹಣ್ಣಿಗೆ ಹಾಲು-ಮೊಸರು ಕೂಡಿಸುವುದು ವಿರುದ್ಧಾಹಾರವಲ್ಲವೇ ಎಂದು ಆಯುರ್ವೇದ ಬಲ್ಲವರು ಕೇಳಿಯಾರು. ಚರಕಸಂಹಿತೆಯು ಹುಳಿ ಹಣ್ಣುಗಳನ್ನು ಹಾಲಿನೊಡನೆ ಸೇವಿಸಬಾರದೆಂದು ಹೇಳಿರುವುದು ನಿಜ. ಇಂದಿನ ಪೋಷಣಶಾಸ್ತ್ರ ಅಂತಹ ನಿಷೇಧವನ್ನು ಹೇಳುವುದಿಲ್ಲ. ಮನಸ್ಸಿಗೆ ಒಪ್ಪದವರು ಹಣ್ಣನ್ನು ಮೊದಲೇ ತಿಂದು, ಆಮೇಲೆ ಕಾಳು-ಮೊಸರು ಉಣ್ಣಲಿ, ಪ್ರಯೋಜನಕ್ಕೆ ಕೊರತೆಯಾಗದು. ಆದರೆ ಹಣ್ಣನ್ನು ಹಿಂಡಿ ರಸ ಮಾಡಿ ಕುಡಿಯುವುದಕ್ಕೆ ನಮ್ಮ ಒಪ್ಪಿಗೆಯಿಲ್ಲ. ಕಾಳಿನ ತೌಡು ಉಳಿಸಿ ಹಣ್ಣಿನ ನಾರು ಚೆಲ್ಲಿದಂತಾಗುತ್ತದೆ.

ಬೀಜವೆಂದೊಡನೆ ಬಾದಾಮಿ, ಗೋಡಂಬಿಗಳ ನೆನಪಾಗುವುದು ಈಚಿನ ರೂಢಿ. ಲಕ್ಷ್ಮೇಶ್ವರ, ಶಿರಹಟ್ಟಿಯ ಹೊಲಗಳ ಶೇಂಗಾ ಯಾವುದರಲ್ಲಿ ಕಡಿಮೆ? 100 ಗ್ರಾಂ ಶೇಂಗಾದಲ್ಲಿ ಸುಮಾರು 25 ಗ್ರಾಂ ಸಸಾರಜನಕವಿದೆ, ಬಾದಾಮಿಯಲ್ಲಿ ಅಷ್ಟಿಲ್ಲ. ಚಳಿಗಾಲದಲ್ಲಿ ಮಾಗಡಿ ಕೆರೆಗೆ ಬಂದಿಳಿಯುವ ಪಟ್ಟೆತಲೆಯ ಹೆಬ್ಬಾತುಗಳೂ ಸುತ್ತಲ ಹೊಲಗಳ ಶೇಂಗಾವನ್ನೇ ಹುಡುಕಿಕೊಂಡು ಹೋಗುತ್ತವೆ! ಒಂದು ಎಚ್ಚರಿಕೆ ಮಾತ್ರ ಅಗತ್ಯ. ತೇವದಲ್ಲಿ ಇಟ್ಟ ಶೇಂಗಾಕ್ಕೆ ಬೂಷ್ಟು ಹಿಡಿದರೆ ಅದರಲ್ಲಿ ಅಫ್ಲಾಟಾಕ್ಸಿನ್ ಎಂಬ ವಿಷ ಉಂಟಾಗುತ್ತದೆ. ಅದು ಯಕೃತ್ತಿಗೆ ಮಾರಕ, ಹುರಿದರೂ ಪೂರ್ತಿ ನಾಶವಾಗದು. ಮುರುಟಿದ, ಬಣ್ಣಗೆಟ್ಟ, ಕಹಿಯಾದ ಕಾಳುಗಳನ್ನು ಆರಿಸಿ ಎಸೆಯಬೇಕು, ದನಗಳಿಗೂ ಹಾಕಬಾರದು. ಅಗಸಿಯನ್ನು ಇಡಿಯಾಗಿ ನುಂಗಿದರೆ ಬಂದಂತೆಯೇ ಹೊರಗೆ ಹೋಗುತ್ತದೆ. ಹುರಿದು ಪುಡಿ ಮಾಡಿದರಷ್ಟೇ ಅದರಲ್ಲಿರುವ ಒಮೇಗಾ-3 ಜಿಡ್ಡು ದೇಹಕ್ಕೆ ದಕ್ಕುತ್ತದೆ. ಪುಡಿಯೂ ವಾರಕ್ಕೆ ಬೇಕಾದಷ್ಟೇ ಇರಲಿ. ಗುರೆಳ್ಳು, ಎಳ್ಳು ಇದ್ದವರು ಬದಲಿಸಿ ಬದಲಿಸಿ ಹಾಕಿಕೊಳ್ಳಬಹುದು.

ಇಷ್ಟೆಲ್ಲ ಓದಿದ ಮೇಲೆ ಹಿರಿಯರೊಬ್ಬರು, "ಇದು ನಮ್ಮ ನುಚ್ಚು-ಮಜ್ಜಿಗೆಯೇ ಅಲ್ಲವೇ?" ಎಂದರೆ ಅವರ ಮಾತು ಸುಳ್ಳಲ್ಲ. ಮಾದಾರ ಚೆನ್ನಯ್ಯನು ಅರ್ಪಿಸಿದ ಅಂಬಲಿಯನ್ನು ಶಿವನು ಅರಸನ ಮೃಷ್ಟಾನ್ನಕ್ಕಿಂತ ಮಿಗಿಲಾಗಿ ಸ್ವೀಕರಿಸಿದನೆಂಬ ಕಥೆಯನ್ನು ಶರಣ ಪರಂಪರೆಯಲ್ಲಿ ಬೆಳೆದವರೆಲ್ಲ ಕೇಳಿದ್ದಾರೆ. ಕಥೆಯ ತಿರುಳು ಭಕ್ತಿ. ಆದರೆ ಆ ಅಂಬಲಿಯೂ ದುಡಿಯುವವರ ಮನೆಯ ಆಹಾರವಾಗಿತ್ತೆಂಬುದನ್ನು ಮರೆಯಬಾರದು. ಡಂಬಳದ ರೊಟ್ಟಿ ಜಾತ್ರೆಯಲ್ಲಿ ಜೋಳ, ಸಜ್ಜೆಯ ರೊಟ್ಟಿಗಳು ಪ್ರಸಾದವಾಗಿ ಸಲ್ಲುವುದನ್ನು ಇಂದಿಗೂ ಕಾಣುತ್ತೇವೆ. ರಾತ್ರಿಯ ನುಚ್ಚಿಗೆ ಮಜ್ಜಿಗೆ ಸೇರಿಸಿ ಇಟ್ಟು, ಬೆಳಗ್ಗೆ ಈರುಳ್ಳಿ, ಶೇಂಗಾ ಚಟ್ನಿಯೊಡನೆ ಉಂಡು, ಒಂದು ಪೇರಲ ತಿಂದರೆ ಅದೂ ಇದೇ ಬಟ್ಟಲು. ಬೇಸಿಗೆಯಲ್ಲಿ ಮಾತ್ರ ಬೆಂದ ಕಾಳನ್ನು ಮಜ್ಜಿಗೆ ಹಾಕದೆ ರಾತ್ರಿಯಿಡೀ ಹೊರಗೆ ಬಿಡಬಾರದು, ಕೆಟ್ಟು ಹೊಟ್ಟೆ ಕೆಡಿಸೀತು.

ಕೆಲವರು ವಿಶೇಷ ಜಾಗ್ರತೆ ವಹಿಸಬೇಕು. ಐದು ವರ್ಷದೊಳಗಿನ ಮಕ್ಕಳಿಗೆ ಇಡಿಯ ಶೇಂಗಾ ಕೊಡಬೇಡಿರಿ, ಉಸಿರುನಾಳಕ್ಕೆ ಸಿಕ್ಕಿಕೊಳ್ಳುವ ಅಪಾಯವಿದೆ, ಪುಡಿಯಾಗಿಯೇ ಕೊಡಿರಿ. ಶೇಂಗಾ ಮೈಗೆ ಒಗ್ಗದವರು ಅದನ್ನು ಬಿಡಲಿ. ಥೈರಾಯ್ಡ್ ತೊಂದರೆಯುಳ್ಳವರು ಸಜ್ಜೆಯೊಂದನ್ನೇ ನಿತ್ಯದ ಕಾಳಾಗಿ ಮಾಡಿಕೊಳ್ಳದಿರಲಿ. ಮೂತ್ರಪಿಂಡದ ಕಾಯಿಲೆಯವರು ಹಣ್ಣು, ಬೀಜ, ತೌಡುಳ್ಳ ಕಾಳುಗಳ ಪ್ರಮಾಣವನ್ನು ವೈದ್ಯರಲ್ಲಿ ಕೇಳಿಯೇ ನಿರ್ಧರಿಸಬೇಕು. ಇದುವರೆಗೆ ನಾರು ಕಡಿಮೆ ಉಂಡವರು ಮೊದಲ ವಾರ ಅರ್ಧ ಹಿಡಿಯಿಂದ ಆರಂಭಿಸಿ, ನೀರು ಹೆಚ್ಚು ಕುಡಿಯಲಿ, ಇಲ್ಲವಾದರೆ ಹೊಟ್ಟೆಯುಬ್ಬರವಾಗುತ್ತದೆ. ಸಕ್ಕರೆ ಕಾಯಿಲೆಯವರು ನವಣೆಯ ಮೇಲಿನ ಭರವಸೆಯಿಂದ ಗುಳಿಗೆಯನ್ನಾಗಲಿ ಇನ್ಸುಲಿನ್ನನ್ನಾಗಲಿ ತಾವಾಗಿಯೇ ನಿಲ್ಲಿಸಬಾರದು. ಬಟ್ಟಲು ಆರಂಭಿಸುವ ಮುನ್ನ ಒಂದು ದಿನ, ಆರಂಭಿಸಿ ತಿಂಗಳಾದ ಮೇಲೆ ಒಂದು ದಿನ, ಉಂಡ ಎರಡು ಗಂಟೆಗೆ ರಕ್ತ ಪರೀಕ್ಷೆ ಮಾಡಿಸಿ, ಎರಡು ಚೀಟಿಗಳನ್ನೂ ವೈದ್ಯರಿಗೆ ತೋರಿಸಿರಿ. ಗುಳಿಗೆ ಇಳಿಸುವುದೋ ಬಿಡುವುದೋ ಅವರು ಹೇಳುತ್ತಾರೆ.