ಹೊಟ್ಟೆಪಾಡೋ, ಹೆಸರಿನ ಹಸಿವೋ?

ಪುಣೆಗೆ ಯಾಕೆ ಬಂದಿರಿ ಎಂದು ಇಲ್ಲಿನ ಕನ್ನಡಿಗರನ್ನು ಕೇಳಿ ನೋಡಿ, ಹೆಚ್ಚಿನವರ ಉತ್ತರ ಒಂದೇ: ಹೊಟ್ಟೆಪಾಡು. ನಾನೂ ಹಾಗೇ ಹೇಳುತ್ತೇನೆ. ಈ ಉತ್ತರವನ್ನು ಅಷ್ಟು ಸುಲಭವಾಗಿ ನಂಬದ ಒಬ್ಬ ಫ್ರೆಂಚ್ ಡ್ಯೂಕ್ ಇದ್ದ. ಹೆಸರು ಲಾ ರೋಶ್‌ಫುಕೋ.

ರಾಜಸತ್ತೆಯ ವಿರುದ್ಧ ನಡೆದ ದಂಗೆಯಲ್ಲಿ ಸೇರಿ ಸೋತವನು ಆತ. 1652ರಲ್ಲಿ ಮುಖಕ್ಕೆ ಗುಂಡು ತಗುಲಿ ಕೆಲಕಾಲ ಕಣ್ಣೇ ಕಾಣಿಸುತ್ತಿರಲಿಲ್ಲ. ಆಮೇಲೆ ಪ್ಯಾರಿಸ್ಸಿನಲ್ಲಿ ಮದಾಂ ದ ಸಾಬ್ಲೆ ಎಂಬಾಕೆಯ ಮನೆಯ ಹರಟೆಕೂಟದಲ್ಲಿ ಕೂತು ಒಂದೆರಡು ಸಾಲಿನ ಮಾತುಗಳನ್ನು ತಿದ್ದಿ ತೀಡಿದ. ಅವು 1665ರಲ್ಲಿ ‘ಮ್ಯಾಕ್ಸಿಮ್ಸ್’ ಎಂಬ ಪುಸ್ತಕವಾದವು. ನಮ್ಮ ದಾನ, ವಿನಯ, ಸ್ನೇಹ ಇವುಗಳ ಒಳಗೆ ಬಹುಮಟ್ಟಿಗೆ ಅಡಗಿ ಕೂತಿರುವುದು ನಮ್ಮ ಮೇಲಿನ ನಮ್ಮದೇ ಪ್ರೀತಿ ಎಂಬುದು ಅದರ ತಿರುಳು. ಕೀರ್ತಿಯ ಆಸೆಯನ್ನು ಹೀಗೆ ಬಯಲಿಗೆಳೆದ ಪುಸ್ತಕದ ಮೇಲೆ ಲೇಖಕನ ಹೆಸರಿರಲಿಲ್ಲ!

ಅದೇ 1665ರಲ್ಲಿ ಪುಣೆಯ ಪಕ್ಕದ ಪುರಂದರದಲ್ಲಿ ಶಿವಾಜಿ 23 ಕೋಟೆಗಳನ್ನು ಮೊಗಲರಿಗೆ ಬಿಟ್ಟುಕೊಡುವ ಒಪ್ಪಂದವಾಯಿತು. ಪುರಂದರ ಎಂದರೆ ನಮಗೆ ಕೋಟೆಗಿಂತ ಮೊದಲು ನೆನಪಾಗುವವರು ದಾಸರು. ಅವರು ಹುಟ್ಟಿದ್ದು ಇಲ್ಲೇ ಎಂಬ ನಂಬಿಕೆ ಹಳೆಯದು. ತೀರ್ಥಹಳ್ಳಿಯ ಕಡೆಯವರು ಒಪ್ಪುವುದಿಲ್ಲ, ಇರಲಿ. ಡ್ಯೂಕ್‌ಗಿಂತ ನೂರು ವರ್ಷ ಮೊದಲೇ ಅವರು ತೋರಿಕೆಯ ಸನ್ಯಾಸಕ್ಕೆ ಉದರವೈರಾಗ್ಯವೆಂದು ಹೆಸರಿಟ್ಟಿದ್ದರು. ಕನಕದಾಸರಂತೂ ಶಾಸ್ತ್ರ ಓದುವವರನ್ನೂ ಕತ್ತಿ ಹಿಡಿದವರನ್ನೂ ಒಂದೇ ಸಾಲಿನಲ್ಲಿ ನಿಲ್ಲಿಸಿ, ಎಲ್ಲರ ಹಿಂದೆಯೂ ಹೊಟ್ಟೆ ಬಟ್ಟೆಯ ಚಿಂತೆ ಕಂಡರು.

ದಾಸರ ಈ ಮಾತಿನಲ್ಲಿ ಚುಚ್ಚುವಿಕೆಯ ಜೊತೆಗೆ ಕರುಣೆಯೂ ಇದೆ. ಹಸಿವು ಯಾರ ತಪ್ಪೂ ಅಲ್ಲವಲ್ಲ. ಡ್ಯೂಕ್‌ನ ಸುತ್ತ ಇದ್ದವರು ಹೊಟ್ಟೆ ತುಂಬಿದವರು. ಅಲ್ಲಿ ಅವನಿಗೆ ಕಂಡದ್ದು ಹೆಸರಿನ ಹಸಿವು.

ಕಲಬುರಗಿ, ವಿಜಯಪುರದ ಕಡೆಯಿಂದ ಬಂದು ಇಲ್ಲಿ ಇಟ್ಟಿಗೆ ಹೊರುವವರು ಹೊಟ್ಟೆಪಾಡು ಎಂದರೆ ಅದು ನಿಜ. ಹಿಂಜವಡಿಯ ಐಟಿ ಕಚೇರಿಗಳಲ್ಲಿ ಕೂತ ನಮ್ಮಂಥವರು ಅದೇ ಪದ ಬಳಸಿದಾಗ ಡ್ಯೂಕ್ ಹುಬ್ಬೇರಿಸುತ್ತಿದ್ದ. ಊರಲ್ಲೂ ಊಟಕ್ಕೆ ಕೊರತೆಯಿರಲಿಲ್ಲ. ಮದುವೆಮನೆಯಲ್ಲಿ ‘ಮಗ ಎಲ್ಲಿದಾನೆ’ ಎಂದು ಯಾರಾದರೂ ಕೇಳಿದಾಗ ಅಪ್ಪ ಎದೆಯುಬ್ಬಿಸಿ ಹೇಳುವ ಉತ್ತರಕ್ಕೂ ನಮ್ಮ ಬಸ್ ಟಿಕೆಟ್ಟಿಗೂ ಸಂಬಂಧವಿದೆ.

ಆದರೂ ಆ ‘ಬಹುಮಟ್ಟಿಗೆ’ ಎಂಬ ಪದವನ್ನು ನಾನು ಬಿಡಲಾರೆ. ಅವನು ‘ಯಾವಾಗಲೂ’ ಎನ್ನಲಿಲ್ಲ. ನಮ್ಮ ರಾಜ್ಯೋತ್ಸವದಲ್ಲಿ ಹಾರ ತುರಾಯಿ ಎಲ್ಲ ಮುಗಿದ ಮೇಲೆ ಕುರ್ಚಿ ಮಡಚಿಡುವ ಇಬ್ಬರು ಮೂವರಿದ್ದಾರೆ. ವೇದಿಕೆಯಲ್ಲಿ ಯಾರೂ ಅವರ ಹೆಸರು ಹೇಳುವುದಿಲ್ಲ, ಮರುವರ್ಷ ಮತ್ತೆ ಬರುತ್ತಾರೆ. ಯಾಕೆ ಬರ್ತೀರಿ ಎಂದು ಒಬ್ಬರನ್ನು ಕೇಳಿದೆ.

‘ಮನ್ಯಾಗ ಕುಂತು ಏನ್ ಮಾಡ್ಲಿರಿ? ಆ ಕಡೆ ಹಿಡೀರಿ, ಟೆಂಪೋದಾಂವ ಹತ್ತಕ್ಕ ಬರ್ತಾನ’ ಎಂದರು.