ಶಿವಮೊಗ್ಗ ಜಿಲ್ಲೆಯ ಇತಿಹಾಸದಲ್ಲಿ ನವೆಂಬರ್ ೧

ನವೆಂಬರ್ ೧ ಗ್ರೆಗೋರಿಯನ್ ಪಂಚಾಂಗದ ೩೦೫ನೆಯ ದಿನ. ಅಧಿಕ ವರ್ಷದಲ್ಲಿ ೩೦೬ನೆಯ ದಿನ. ಕರ್ನಾಟಕದಲ್ಲಿ ಇದನ್ನು ರಾಜ್ಯೋತ್ಸವವಾಗಿ ಆಚರಿಸಲಾಗುತ್ತದೆ. ಶಿವಮೊಗ್ಗ ಹಾಗೂ ಭದ್ರಾವತಿ ನಗರಗಳನ್ನು ಒಳಗೊಂಡ ಶಿವಮೊಗ್ಗ ಜಿಲ್ಲೆಗೆ ಸಂಬಂಧಿಸಿದ ಮೂರು ಪ್ರಮುಖ ಬದಲಾವಣೆಗಳು ಇದೇ ದಿನಾಂಕದಂದು ಜಾರಿಗೆ ಬಂದಿವೆ: ೧೯೫೬ರ ರಾಜ್ಯ ಪುನರ್ವಿಂಗಡಣೆ, ೧೯೭೩ರ ರಾಜ್ಯದ ಮರುನಾಮಕರಣ ಮತ್ತು ೨೦೧೪ರ ನಗರನಾಮದ ಬದಲಾವಣೆ.

ಒಂದೇ ದಿನಾಂಕದ ಘಟನೆಗಳು ಬಹುಮಟ್ಟಿಗೆ ಆಕಸ್ಮಿಕವಾಗಿ ಕೂಡಿಬಂದಿರುತ್ತವೆ. ಲಿಸ್ಬನ್ ನಗರವನ್ನು ನೆಲಸಮಗೊಳಿಸಿದ ಭೂಕಂಪವೂ ೧೭೫೫ರ ನವೆಂಬರ್ ೧ರಂದೇ ಸಂಭವಿಸಿತು; ಅದಕ್ಕೂ ಕರ್ನಾಟಕಕ್ಕೂ ನಂಟಿಲ್ಲ. ಮೇಲಿನ ಮೂರು ಘಟನೆಗಳು ಆ ಬಗೆಯವಲ್ಲ. ಮೊದಲನೆಯದರ ದಿನಾಂಕವನ್ನು ಸಂಸತ್ತಿನ ಶಾಸನ ನಿಗದಿಪಡಿಸಿತು. ಉಳಿದೆರಡು ರಾಜ್ಯೋದಯದ ದಿನಕ್ಕೆ ಹೊಂದಿಕೊಂಡು ಬಂದವು.

೧೯೫೬: ಅಳಿದ ಗಡಿ

ರಾಜ್ಯಗಳ ಪುನರ್ವಿಂಗಡಣಾ ಕಾಯ್ದೆಯು ೧೯೫೬ರ ನವೆಂಬರ್ ೧ರಂದು ಜಾರಿಗೆ ಬಂದು, ಕನ್ನಡ ಪ್ರದೇಶಗಳು ವಿಶಾಲ ಮೈಸೂರು ರಾಜ್ಯದಲ್ಲಿ ಒಂದುಗೂಡಿದವು. ಶಿವಮೊಗ್ಗ ಜಿಲ್ಲೆ ಅದಕ್ಕೂ ಮೊದಲು ಮೈಸೂರು ಸಂಸ್ಥಾನದ, ನಂತರ ಮೈಸೂರು ರಾಜ್ಯದ ಭಾಗವಾಗಿತ್ತು. ಆದ್ದರಿಂದ ಇಲ್ಲಿನವರಿಗೆ ರಾಜ್ಯದ ಹೆಸರಾಗಲಿ ರಾಜಧಾನಿಯಾಗಲಿ ಬದಲಾಗಲಿಲ್ಲ. ಬದಲಾದದ್ದು ಗಡಿ. ಅಕ್ಟೋಬರ್ ೩೧ರವರೆಗೆ ಈ ಜಿಲ್ಲೆ ಮೂರು ರಾಜ್ಯಗಳು ಸಂಧಿಸುವ ಸೀಮೆಯಲ್ಲಿತ್ತು: ಉತ್ತರದ ಧಾರವಾಡ ಮತ್ತು ವಾಯವ್ಯದ ಉತ್ತರ ಕನ್ನಡ ಜಿಲ್ಲೆಗಳು ಮುಂಬಯಿ ರಾಜ್ಯಕ್ಕೆ, ಪಶ್ಚಿಮದ ದಕ್ಷಿಣ ಕನ್ನಡವು ಮದರಾಸು ರಾಜ್ಯಕ್ಕೆ ಸೇರಿದ್ದವು. ಸಾಗರದಿಂದ ಸಿದ್ಧಾಪುರಕ್ಕೆ ಹೊರಟವರು ಮುಂಬಯಿ ರಾಜ್ಯವನ್ನು, ಆಗುಂಬೆ ಘಟ್ಟ ಇಳಿದವರು ಮದರಾಸು ರಾಜ್ಯವನ್ನು ಪ್ರವೇಶಿಸುತ್ತಿದ್ದರು. ಮರುದಿನ ಬೆಳಗಾಗುವಾಗ ಇವೆಲ್ಲ ಒಂದೇ ರಾಜ್ಯದ ನೆರೆಜಿಲ್ಲೆಗಳಾಗಿದ್ದವು.

ಹಳೆಯ ಮೈಸೂರು ರಾಜ್ಯದ ಕೊನೆಯ ಮುಖ್ಯಮಂತ್ರಿ ಇದೇ ಜಿಲ್ಲೆಯ ತೀರ್ಥಹಳ್ಳಿ ತಾಲ್ಲೂಕಿನ ಕಡಿದಾಳ್ ಮಂಜಪ್ಪ. ಆಗಸ್ಟ್ ೧೯ರಂದು ಅಧಿಕಾರ ವಹಿಸಿಕೊಂಡ ಅವರು ಸುಮಾರು ಎರಡೂವರೆ ತಿಂಗಳ ಬಳಿಕ, ಅಕ್ಟೋಬರ್ ೩೧ರಂದು, ಆ ಸ್ಥಾನದಿಂದ ನಿರ್ಗಮಿಸಿದರು. ಮರುದಿನ ಎಸ್. ನಿಜಲಿಂಗಪ್ಪನವರು ವಿಶಾಲ ರಾಜ್ಯದ ಮುಖ್ಯಮಂತ್ರಿಯಾದರು.

ಅದೇ ದಿನ ದಕ್ಷಿಣ ಕನ್ನಡದ ಕಾಸರಗೋಡು ತಾಲ್ಲೂಕು ಕೇರಳಕ್ಕೆ ಸೇರಿತು. ಹೀಗಾಗಿ ಏಕೀಕರಣದ ದಿನವೇ ಅಲ್ಲಿನ ಕನ್ನಡಿಗರ ಪಾಲಿಗೆ ಅಗಲಿಕೆಯ ದಿನವೂ ಹೌದು.

೧೯೭೩: ರಾಜ್ಯಕ್ಕೆ ಹೊಸ ಹೆಸರು

ಒಂದಾದ ರಾಜ್ಯಕ್ಕೆ ‘ಮೈಸೂರು’ ಎಂಬ ಹೆಸರೇ ಮುಂದುವರಿದದ್ದು ಹೊಸದಾಗಿ ಸೇರಿದ ಉತ್ತರದ ಜಿಲ್ಲೆಗಳಲ್ಲಿ ಅಸಮಾಧಾನಕ್ಕೆ ಕಾರಣವಾಗಿತ್ತು. ಹಳೆಯ ಮೈಸೂರಿನವರಲ್ಲಿ ಆ ಹೆಸರಿನ ಅಭಿಮಾನ ಬಲವಾಗಿತ್ತು. ಹಾಗಿರುವಾಗ ಹಳೆಯ ಮೈಸೂರು ಭಾಗದಿಂದಲೇ ಬಂದು ‘ಕರ್ನಾಟಕ’ ಎಂಬ ಹೆಸರಿಗಾಗಿ ವಾದಿಸಿದವರಲ್ಲಿ ತೀರ್ಥಹಳ್ಳಿ ತಾಲ್ಲೂಕಿನ ಸಮಾಜವಾದಿ ನಾಯಕ ಶಾಂತವೇರಿ ಗೋಪಾಲಗೌಡರು ಪ್ರಮುಖರು. ೧೯೫೧ರ ಕಾಗೋಡು ಸತ್ಯಾಗ್ರಹದ ಮೂಲಕ ಪ್ರಸಿದ್ಧರಾದ ಅವರು ೧೯೭೨ರ ಜೂನ್ ೯ರಂದು ನಿಧನರಾದರು. ಮರುತಿಂಗಳೇ ವಿಧಾನಸಭೆ ಮರುನಾಮಕರಣದ ನಿರ್ಣಯವನ್ನು ಅಂಗೀಕರಿಸಿತು. ರಾಜ್ಯದ ಹೆಸರನ್ನು ಬದಲಿಸಲು ಸಂವಿಧಾನದ ೩ನೆಯ ವಿಧಿಯಂತೆ ಸಂಸತ್ತಿನ ಕಾಯ್ದೆ ಅಗತ್ಯ. ಆ ಕ್ರಮ ಮುಗಿದು, ಡಿ. ದೇವರಾಜ ಅರಸು ಅವರು ಮುಖ್ಯಮಂತ್ರಿಯಾಗಿದ್ದಾಗ, ೧೯೭೩ರ ನವೆಂಬರ್ ೧ರಂದು ಹೊಸ ಹೆಸರು ಜಾರಿಯಾಯಿತು.

೨೦೧೪: ನಗರದ ಹೆಸರು

೨೦೧೪ರ ನವೆಂಬರ್ ೧ರಂದು ರಾಜ್ಯದ ೧೨ ನಗರಗಳ ಹೆಸರುಗಳು ಬದಲಾದವು, ಶಿವಮೊಗ್ಗ ಅವುಗಳಲ್ಲೊಂದು. ಈ ‘ಬದಲಾವಣೆ’ಯನ್ನು ಎಚ್ಚರದಿಂದ ಅರ್ಥೈಸಬೇಕು. ಕನ್ನಡದಲ್ಲಿ ಊರಿನ ಹೆಸರು ಹಿಂದೆಯೂ ಶಿವಮೊಗ್ಗವೇ ಆಗಿತ್ತು. ಬದಲಾದದ್ದು ಇಂಗ್ಲಿಷ್ ದಾಖಲೆಗಳಲ್ಲಿದ್ದ ‘ಶಿಮೊಗ’ ಎಂಬ ರೂಪ ಮಾತ್ರ. ಹೆಸರಿನ ಮೂಲವನ್ನು ಕೆಲವರು ‘ಶಿವಮುಖ’ದಿಂದಲೂ ಮತ್ತೆ ಕೆಲವರು ‘ಸಿಹಿ ಮೊಗೆ’ಯಿಂದಲೂ ವಿವರಿಸುತ್ತಾರೆ; ‘ಶಿಮೊಗ’ದಲ್ಲಿ ಎರಡರ ಸುಳಿವೂ ಮಸುಕಾಗಿತ್ತು. ನಗರದ ಹೆಸರಿಗೆ ಸಂಸತ್ತಿನ ಕಾಯ್ದೆ ಬೇಕಿಲ್ಲ. ಕೇಂದ್ರ ಗೃಹ ಸಚಿವಾಲಯದ ಒಪ್ಪಿಗೆ ಪಡೆದು ರಾಜ್ಯ ಸರ್ಕಾರವೇ ಅಧಿಸೂಚನೆ ಹೊರಡಿಸುತ್ತದೆ.

ಈ ಪ್ರಕ್ರಿಯೆಗೆ ಚಾಲನೆ ದೊರೆತದ್ದು ೨೦೦೫ರಲ್ಲಿ. ಸುವರ್ಣ ಕರ್ನಾಟಕದ ಸಂದರ್ಭದಲ್ಲಿ ರಾಜಧಾನಿಯ ಹೆಸರನ್ನು ಎಲ್ಲ ಭಾಷೆಗಳಲ್ಲೂ ಬೆಂಗಳೂರು ಎಂದೇ ಬರೆಯಬೇಕೆಂದು ಯು. ಆರ್. ಅನಂತಮೂರ್ತಿ ಸಲಹೆ ನೀಡಿದ್ದರು. ಅವರೂ ತೀರ್ಥಹಳ್ಳಿ ತಾಲ್ಲೂಕಿನವರೇ, ಮೇಳಿಗೆಯಲ್ಲಿ ಜನಿಸಿದವರು. ೨೦೧೪ರ ಆಗಸ್ಟ್ ೨೨ರಂದು, ಅಧಿಸೂಚನೆ ಜಾರಿಯಾಗುವ ಹತ್ತು ವಾರಗಳ ಮುನ್ನ, ಅವರು ತೀರಿಕೊಂಡರು. ಗೋಪಾಲಗೌಡರಂತೆ ಅವರಿಗೂ ತಾವು ಬಯಸಿದ ಹೆಸರನ್ನು ಅಧಿಕೃತ ಕಾಗದದಲ್ಲಿ ಕಾಣುವ ಅವಕಾಶ ಒದಗಲಿಲ್ಲ. ಅವರ ‘ಅವಸ್ಥೆ’ ಕಾದಂಬರಿಗೆ ಗೋಪಾಲಗೌಡರ ಬದುಕೇ ಪ್ರೇರಣೆ ಎಂಬುದನ್ನೂ ಇಲ್ಲಿ ಸ್ಮರಿಸಬಹುದು.

ಭದ್ರಾವತಿ

ಭದ್ರಾವತಿ ೨೦೧೪ರ ಪಟ್ಟಿಯಲ್ಲಿರಲಿಲ್ಲ. ಇಂಗ್ಲಿಷಿನಲ್ಲೂ ಅದರ ಹೆಸರು ಕನ್ನಡದ ಉಚ್ಚಾರಣೆಗೆ ಹತ್ತಿರವಾಗಿಯೇ ಇತ್ತು. ಈ ಊರಿನ ಹಿಂದಿನ ಹೆಸರು ಬೆಂಕಿಪುರ. ಈಗಿನ ಹೆಸರು ಭದ್ರಾ ನದಿಯಿಂದ ಬಂದದ್ದು. ೧೯೨೩ರಲ್ಲಿ ಇಲ್ಲಿ ಉತ್ಪಾದನೆ ಆರಂಭಿಸಿದ ಮೈಸೂರು ಕಬ್ಬಿಣದ ಕಾರ್ಖಾನೆಗೆ ಕಾಲಾನಂತರ ಸರ್ ಎಂ. ವಿಶ್ವೇಶ್ವರಯ್ಯನವರ ಹೆಸರಿಡಲಾಯಿತು. ೧೯೩೬ರಲ್ಲಿ ಸ್ಥಾಪಿತವಾದ ಮೈಸೂರು ಕಾಗದ ಕಾರ್ಖಾನೆ ಮಾತ್ರ, ರಾಜ್ಯದ ಹೆಸರು ೧೯೭೩ರಲ್ಲಿ ಬದಲಾದ ಮೇಲೂ, ತನ್ನ ಹಳೆಯ ಹೆಸರನ್ನೇ ಉಳಿಸಿಕೊಂಡಿತು.