ಉಗ್ರಾಣದ ವೈರಿ, ಪ್ರಯೋಗಾಲಯದ ಬಂಡವಾಳ: ಅಕ್ಕಿ ಪತಂಗ

ಅಕ್ಕಿ, ರವೆ, ಹಿಟ್ಟುಗಳ ವಹಿವಾಟು ನಡೆಸುವವರೆಲ್ಲರೂ ಕಂಡಿರುವ, ಆದರೆ ಹೆಚ್ಚಿನವರು ಹೆಸರು ತಿಳಿಯದ ಕೀಟವೊಂದಿದೆ. ಚೀಲ ಬಿಚ್ಚಿದಾಗ ಕಾಳುಗಳು ನವಿರಾದ ಎಳೆಗಳಿಂದ ಹೆಣೆದುಕೊಂಡು ಉಂಡೆಗಟ್ಟಿದ್ದರೆ, ಅದು ಬಹುಮಟ್ಟಿಗೆ ಅಕ್ಕಿ ಪತಂಗದ ಕೃತ್ಯ. 1866ರಲ್ಲಿ ಬ್ರಿಟನ್ನಿನ ಕೀಟತಜ್ಞ ಸ್ಟೇಂಟನ್ ಮೊದಲು ವಿವರಿಸಿದ ಈ ಜೀವಿಯ ಶಾಸ್ತ್ರೀಯ ನಾಮ ಕಾರ್ಸೈರಾ ಸೆಫಲೋನಿಕಾ.

ಉಷ್ಣ ವಲಯದ ಉಗ್ರಾಣಗಳು, ಗಿರಣಿಗಳು ಇದರ ನೆಲೆ. ಅಕ್ಕಿಯಲ್ಲದೆ ಜೋಳ, ರಾಗಿ, ಗೋಧಿ, ಶೇಂಗಾ, ಗೋಡಂಬಿ, ಒಣಹಣ್ಣುಗಳನ್ನೂ ಇದು ಬಿಡುವುದಿಲ್ಲ. ನುಚ್ಚು ಮತ್ತು ಹಿಟ್ಟು ಇದಕ್ಕೆ ವಿಶೇಷವಾಗಿ ಒಗ್ಗುತ್ತವೆ.

ಬೂದುಗಂದು ಬಣ್ಣದ ಪತಂಗವು ಹಗಲಿನಲ್ಲಿ ಗೋಡೆ, ಚೀಲಗಳ ಮೇಲೆ ನಿಶ್ಚಲವಾಗಿದ್ದು, ಕತ್ತಲಾದ ಮೇಲೆ ಚುರುಕಾಗುತ್ತದೆ. ಅದು ಏನನ್ನೂ ತಿನ್ನುವುದಿಲ್ಲ. ಸುಮಾರು ಒಂದು ವಾರ ಮಾತ್ರ ಬದುಕುತ್ತದೆ. ಆ ಅವಧಿಯಲ್ಲಿಯೇ ಹೆಣ್ಣು ನೂರಕ್ಕೂ ಹೆಚ್ಚು ಮೊಟ್ಟೆಗಳನ್ನು ಕಾಳು, ಚೀಲ, ಗೋಡೆಗಳ ಮೇಲೆ ಇಡುತ್ತದೆ. ನಾಲ್ಕಾರು ದಿನಗಳಲ್ಲಿ ಹೊರಬರುವ ಮರಿಹುಳುವೇ ನಿಜವಾದ ನಷ್ಟಕಾರಕ. ಅದು ಎಳೆ ನೇಯ್ದು, ಅದರೊಳಗೆ ಅಡಗಿ, ಸುಮಾರು ಒಂದು ತಿಂಗಳು ತಿಂದು, ಗಟ್ಟಿಯಾದ ಗೂಡಿನಲ್ಲಿ ಕೋಶಾವಸ್ಥೆಗೆ ಸೇರುತ್ತದೆ. ಬೆಚ್ಚನೆಯ ಹವೆಯಲ್ಲಿ ಇಡೀ ಜೀವನಚಕ್ರ ಆರೇಳು ವಾರಗಳಲ್ಲಿ ಪೂರ್ಣಗೊಳ್ಳುತ್ತದೆ.

ನಷ್ಟವು ತೂಕಕ್ಕಷ್ಟೇ ಸೀಮಿತವಲ್ಲ. ಎಳೆಗಳು ಗಿರಣಿಯ ಜರಡಿಗಳನ್ನು ಕಟ್ಟುತ್ತವೆ. ಹಿಕ್ಕೆ ಹಾಗೂ ಕಮಟು ವಾಸನೆಯಿಂದ ಸರಕು ತಿರಸ್ಕೃತವಾಗುತ್ತದೆ. 2006ರ ಆಹಾರ ಸುರಕ್ಷತೆ ಮತ್ತು ಗುಣಮಟ್ಟ ಕಾಯಿದೆಯು ಹುಳು ಬಿದ್ದ ಆಹಾರವನ್ನು ಅಸುರಕ್ಷಿತವೆಂದು ಪರಿಗಣಿಸುತ್ತದೆ. ಆದುದರಿಂದ ಹಳೆಯ ದಾಸ್ತಾನನ್ನು ಮೊದಲು ವಿಲೇವಾರಿ ಮಾಡುವುದು, ಮೂಲೆಗಳ ಹಿಟ್ಟಿನ ಧೂಳು ಗುಡಿಸುವುದು, ಹಳೆಯ ಚೀಲಗಳನ್ನು ಶುಚಿಗೊಳಿಸದೆ ಬಳಸದಿರುವುದು ಅಗತ್ಯ. ಫಾಸ್ಫೀನ್ ಅನಿಲದ ಧೂಮೀಕರಣವು ಪರಿಣಾಮಕಾರಿಯಾದರೂ ಪ್ರಾಣಾಂತಕ. ಅದನ್ನು ಅಧಿಕೃತ ಪರಿಣತರಿಂದಲೇ ಮಾಡಿಸತಕ್ಕದ್ದು.

ಇದೇ ಪತಂಗಕ್ಕೆ ಮತ್ತೊಂದು ಮುಖವೂ ಇದೆ. ಕಬ್ಬಿನ ಕಾಂಡಕೊರಕದಂತಹ ಪೀಡೆಗಳನ್ನು ಮೊಟ್ಟೆಯಲ್ಲೇ ನಾಶಪಡಿಸುವ ಟ್ರೈಕೋಗ್ರಾಮಾ ಎಂಬ ಪರತಂತ್ರ ಕಣಜವನ್ನು ಭಾರತದ ಪ್ರಯೋಗಾಲಯಗಳಲ್ಲಿ ಅಕ್ಕಿ ಪತಂಗದ ಮೊಟ್ಟೆಗಳ ಮೇಲೆಯೇ ಬೆಳೆಸಲಾಗುತ್ತದೆ. ಪೆಟ್ಟಿಗೆಗಳಲ್ಲಿ ಒಡೆದ ಧಾನ್ಯ ತುಂಬಿ ಪತಂಗ ಸಾಕಿ, ಮೊಟ್ಟೆಗಳನ್ನು ಕಾಗದದ ಕಾರ್ಡಿಗೆ ಅಂಟಿಸಿ, ಕಣಜಗಳಿಗೆ ಒಡ್ಡುತ್ತಾರೆ. ಇವೇ ರೈತರಿಗೆ ಮಾರಾಟವಾಗುವ ಟ್ರೈಕೋಕಾರ್ಡ್‌ಗಳು. ಬೆಂಗಳೂರಿನ ರಾಷ್ಟ್ರೀಯ ಕೃಷಿ ಕೀಟ ಸಂಪನ್ಮೂಲ ಬ್ಯೂರೋ ಈ ಕ್ಷೇತ್ರದ ಪ್ರಮುಖ ಸಂಶೋಧನಾ ಸಂಸ್ಥೆ. ಸಣ್ಣ ಘಟಕವಾಗಿ ಆರಂಭಿಸಬಹುದಾದ ಉದ್ದಿಮೆ ಇದಾದರೂ, ಪತಂಗದ ರೆಕ್ಕೆಯ ಹುಡಿಯಿಂದ ಕೆಲಸಗಾರರಿಗೆ ಉಸಿರಾಟದ ತೊಂದರೆ ಬರಬಹುದಾದ್ದರಿಂದ ಮುಖಗವಸು ಹಾಗೂ ಗಾಳಿಯಾಡುವ ವ್ಯವಸ್ಥೆ ಅನಿವಾರ್ಯ. ಇಂತಹ ಘಟಕವು ಧಾನ್ಯದ ಗೋದಾಮಿನಿಂದ ದೂರವಿರಬೇಕೆಂಬುದನ್ನು ಬೇರೆ ಹೇಳಬೇಕಾಗಿಲ್ಲ.